ಕಲ್ಪನೆಯ ರಾಜ್ಯಕ್ಕೆ ಪಟ್ಟದ ಓಲಗ ಕಟ್ಟುವುದು ಹೇಗೆ?

"ನಮ್ಮ ನಾಟಕದಲ್ಲಿ ಒಂದು ಪಟ್ಟಾಭಿಷೇಕ ಬರುತ್ತೆ. ರಾಜ್ಯ ಪೂರ್ತಿ ನಮ್ಮದೇ ಕಲ್ಪನೆ. ಅದಕ್ಕೆ ಎಂಥ ಸಂಗೀತ ಹಾಕೋದು?" ಈ ಪ್ರಶ್ನೆ ಬರುತ್ತಲೇ ಇದೆ. ಕೇಳುವವರಲ್ಲಿ ಸಾಗರ, ತೀರ್ಥಹಳ್ಳಿ ಕಡೆಯ ಶಾಲಾ ಮೇಷ್ಟ್ರುಗಳಿದ್ದಾರೆ, ಆಡಿಯೊ ಕತೆ ಮಾಡುವ ಹುಡುಗ ಹುಡುಗಿಯರಿದ್ದಾರೆ, ಶಿವಮೊಗ್ಗದಲ್ಲಿ ಕೂತು ಮೊಬೈಲ್ ಗೇಮ್ ಕಟ್ಟುತ್ತಿರುವವರೂ ಇದ್ದಾರೆ. ಎಲ್ಲರಿಗೂ ಸೇರಿಸಿ ಇಲ್ಲೇ ಬರೆದುಬಿಡುತ್ತೇನೆ.

ಹೆಚ್ಚಿನವರು ರಾಗದಿಂದ ಶುರು ಮಾಡುತ್ತಾರೆ. "ಗಂಭೀರವಾಗಿ ಕೇಳೋ ರಾಗ ಯಾವುದು ಹೇಳಿ" ಅಂತ. ಅದನ್ನು ಆಮೇಲೆ ನೋಡೋಣ. ಮೊದಲು ಯಾವುದಾದರೂ ಮದುವೆ ಮನೆಗೆ ಹೋಗಿ ವಾಲಗದವರ ಹತ್ತಿರ ನಿಂತುಕೊಳ್ಳಿ. ನಾಗಸ್ವರದವರು ಯಾವುದೋ ಕೀರ್ತನೆ ನಿಧಾನವಾಗಿ ನುಡಿಸುತ್ತಿರುತ್ತಾರೆ. ತಾಳಿ ಕಟ್ಟುವ ಗಳಿಗೆ ಬಂತು ಅನ್ನುವಾಗ ಪುರೋಹಿತರು ಕೈಯೆತ್ತಿ "ಗಟ್ಟಿಮೇಳ, ಗಟ್ಟಿಮೇಳ" ಅನ್ನುತ್ತಾರೆ. ಕೀರ್ತನೆ ಎಲ್ಲಿತ್ತೋ ಅಲ್ಲೇ ನಿಲ್ಲುತ್ತದೆ. ನಾಗಸ್ವರ, ಡೋಲು ಎರಡೂ ಒಮ್ಮೆಗೇ ಜೋರಾಗುತ್ತವೆ. ಗಂಟು ಬಿದ್ದಮೇಲೆ ಇಳಿಯುತ್ತವೆ. ಅಷ್ಟು ಹೊತ್ತೂ ಡೋಲಿನವರ ಕಣ್ಣು ಡೋಲಿನ ಮೇಲೆ ಇರುವುದಿಲ್ಲ, ಪುರೋಹಿತರ ಕೈಮೇಲೆ ಇರುತ್ತದೆ.

ವಿಧಿಯ ಸಂಗೀತ ಅಂದರೆ ಇದೇ. ಯಾರೋ ಏನೋ ಮಾಡುತ್ತಿರುತ್ತಾರೆ, ಸಂಗೀತ ಅವರ ಕೈಕಾಲಿಗೆ ಜೊತೆ ಕೊಡುತ್ತದೆ. ಹಾಗಾಗಿ ಮೊದಲು ವಿಧಿ, ಆಮೇಲೆ ಹೆಜ್ಜೆ, ಆಮೇಲೆ ವಾದ್ಯ, ಕೊನೆಗೆ ಸ್ವರ. ಈ ಕ್ರಮ ತಪ್ಪಿಸಿದರೆ ಕೇಳಲು ಚೆಂದದ ಒಂದು ಹಾಡು ಸಿಗಬಹುದು, ರಂಗದ ಮೇಲೆ ಮಾತ್ರ ಅದು ಕೂರುವುದಿಲ್ಲ.

ಏನೇನು ಬೇಕು

ಒಂದು ಅಳತೆ ಟೇಪು. ಶ್ರುತಿ ಸರಿ ಇರುವ ಹಾರ್ಮೋನಿಯಂ ಅಥವಾ ಕೀಬೋರ್ಡ್. ಮೊಬೈಲಿನಲ್ಲಿ ಮೆಟ್ರೊನೋಮ್ ಆಪ್, ಅಂದರೆ ನಿಮಿಷಕ್ಕೆ ಇಷ್ಟು ಅಂತ ಟಕ್ ಟಕ್ ಎನ್ನುವ ಸಾಧನ. ಒಂದು ಜಾಗಟೆ. ಸಿಕ್ಕರೆ ಒಂದೆರಡು ಕೊಂಬು ಅಥವಾ ಕಹಳೆ. ಒಂದು ದೊಡ್ಡ ಚರ್ಮವಾದ್ಯ. ಹಾಡಲು ಐದಾರು ಜನ. ಅವರು ಸಂಗೀತ ಕಲಿತವರೇ ಆಗಬೇಕೆಂದಿಲ್ಲ. ನಿಜ ಹೇಳಬೇಕೆಂದರೆ ಭಜನೆಯಲ್ಲಿ ದನಿ ಕೂಡಿಸಿ ಅಭ್ಯಾಸ ಇರುವವರು ಈ ಕೆಲಸಕ್ಕೆ ಇನ್ನೂ ಒಳ್ಳೆಯವರು.

1. ವಿಧಿಯನ್ನು ಬರೆಯಿರಿ

ನಿಮ್ಮ ರಾಜ್ಯದಲ್ಲಿ ಪಟ್ಟ ಅಂದರೆ ನಿಜಕ್ಕೂ ಏನು ನಡೆಯುತ್ತದೆ? ಕಿರೀಟ ಇಡುವುದೊಂದೇ ದಾರಿಯಲ್ಲ. ಮಲೆನಾಡಿನ ಕಣ್ಣಿನಿಂದ ಯೋಚಿಸಿದರೆ ಬೇಕಾದಷ್ಟು ಸಿಗುತ್ತದೆ. ಈ ಲೇಖನದ ಉದ್ದಕ್ಕೂ ಬಳಸಲು ಒಂದು ಉದಾಹರಣೆ ಕಟ್ಟಿಕೊಳ್ಳೋಣ.

ರಾಜ್ಯದ ಹೆಸರು ಏಳುಹಳ್ಳದ ಸೀಮೆ. ಗುಡ್ಡದ ನಾಡು, ಏಳು ಹಳ್ಳಗಳ ನೀರಿನ ಮೇಲೆ ಬದುಕುತ್ತದೆ. ಇಲ್ಲಿ ರಾಣಿಗೆ ಕಿರೀಟವಿಲ್ಲ. ಏಳು ಹೆಂಗಸರು ಏಳು ಹಳ್ಳಗಳಿಂದ ಕೊಡದಲ್ಲಿ ನೀರು ತರುತ್ತಾರೆ. ರಾಣಿ ಒಂದೊಂದರಿಂದಲೂ ಒಂದು ಬೊಗಸೆ ಕುಡಿಯಬೇಕು. ಕುಡಿದಮೇಲೆ ಆ ಹಳ್ಳದ ಜವಾಬ್ದಾರಿ ಅವಳದ್ದು. ಆದರೆ ಏಳನೆಯ ಹಳ್ಳ ಅಜ್ಜಿಯ ಕಾಲದಲ್ಲೇ ಬತ್ತಿಹೋಗಿದೆ. ಅದರ ಕೊಡ ಖಾಲಿಯೇ ಬರುತ್ತದೆ. ಖಾಲಿ ಕೊಡಕ್ಕೂ ರಾಣಿ ಬೊಗಸೆ ಒಡ್ಡಬೇಕು.

ಸಂಗೀತದ ಹೆಸರು ನೀರೋಲಗ ಅಂತ ಇಟ್ಟುಕೊಳ್ಳಿ.

ಇಷ್ಟು ಬರೆದ ಕೂಡಲೇ ಅರ್ಧ ಕೆಲಸ ಮುಗಿಯಿತು. ಏಳು ಅನ್ನುವ ಸಂಖ್ಯೆ ತಾಳಕ್ಕೆ ಬರುತ್ತದೆ. ತುಂಬಿದ ಕೊಡ ನಡಿಗೆಗೆ ಬರುತ್ತದೆ. ಖಾಲಿ ಕೊಡ ಬರುವಾಗ ಸಂಗೀತ ಏನು ಮಾಡಬೇಕು ಅನ್ನುವುದೂ ಹೊಳೆಯುತ್ತದೆ, ಅಲ್ವಾ?

ನೋಡಿ ಕಲಿಯಬೇಕೆಂದರೆ ನಮ್ಮ ಸುತ್ತಲೇ ಇದೆ. ಯಕ್ಷಗಾನದ ಒಡ್ಡೋಲಗ ನೋಡಿ. ತೆರೆ ಹಿಡಿದು, ಅದರ ಹಿಂದೆ ಕುಣಿದು, ಸ್ವಲ್ಪಸ್ವಲ್ಪವೇ ತೋರಿಸಿಕೊಂಡು ಪಾತ್ರ ಸಭೆಗೆ ಬರುತ್ತದೆ. ರಾಜ ಬಂದ ಅನ್ನುವ ಒಂದೇ ಸಂಗತಿಗೆ ಅಷ್ಟು ಹೊತ್ತು. ದೀಪಾವಳಿಯಲ್ಲಿ ದೀಪ ಹಿಡಿದು ಮನೆಮನೆಗೆ ಬರುವ ಅಂಟಿಗೆ ಪಂಟಿಗೆಯವರನ್ನು ಕೇಳಿ. ಮುಂದಿನವರು ಒಂದು ಸಾಲು ಹೇಳುತ್ತಾರೆ, ಹಿಂದಿನವರು ಅದನ್ನೇ ಎತ್ತಿಕೊಳ್ಳುತ್ತಾರೆ. ಬಾಗಿಲಲ್ಲಿ ಹಾಡುವುದೇ ಬೇರೆ, ಹೊರಡುವಾಗ ಹಾಡುವುದೇ ಬೇರೆ. ಕವಲೇದುರ್ಗ ಹತ್ತಿದವರಿಗೆ ಇನ್ನೊಂದು ಉಪಾಯ ಹೊಳೆಯಬಹುದು. ಅಲ್ಲಿ ಒಂದರ ಹಿಂದೊಂದು ಕೋಟೆ ಬಾಗಿಲು ದಾಟಬೇಕು. ಬಾಗಿಲಿಗೊಂದು ತುಂಡಿನಂತೆ ಸಂಗೀತ ಬದಲಾಗುವ ಮೆರವಣಿಗೆ ಯಾಕಾಗಬಾರದು?

ನೋಡಿ ಕಲಿಯಿರಿ ಅಂದೆ, ಎತ್ತಿಕೊಂಡು ಬನ್ನಿ ಅನ್ನಲಿಲ್ಲ. ಡೊಳ್ಳಿನ ಹಿಂದೆ ಬೀರೇಶ್ವರನ ಸೇವೆ ಇದೆ. ಭೂತ, ಮಾರಿ ಹಬ್ಬಗಳ ಬಡಿತಕ್ಕೆ ಅದರದೇ ನೇಮ ಇದೆ. ಅಂಥದ್ದನ್ನು ಹಾಗೇ ತಂದು ನಿಮ್ಮ ಕತೆಯ ರಾಕ್ಷಸರ ದರ್ಬಾರಿಗೆ ಹಾಕಬೇಡಿ. ಡೊಳ್ಳಿನ ತಂಡದವರನ್ನೇ ಕರೆದು, ಕತೆ ಹೇಳಿ, "ಇದಕ್ಕೆ ಹೇಗೆ ಬಾರಿಸಬಹುದು?" ಅಂತ ಕೇಳಿ. ಅವರೇ ಹೊಸದೊಂದು ಕಟ್ಟಿಕೊಡುತ್ತಾರೆ. ದುಡ್ಡು ಕೊಡುವುದನ್ನು, ಹೆಸರು ಹಾಕುವುದನ್ನು ಮರೆಯಬೇಡಿ.

2. ದಾರಿ ಅಳೆಯಿರಿ, ಹೆಜ್ಜೆ ಎಣಿಸಿ

ಈ ಹಂತವನ್ನು ಎಲ್ಲರೂ ಹಾರಿಸುತ್ತಾರೆ. ಹಾಡು ಮುಗಿದುಹೋಗಿ ರಾಣಿ ಇನ್ನೂ ಅರ್ಧ ದಾರಿಯಲ್ಲಿರುವುದು ಇದಕ್ಕೇ.

ಕೊಡ ಹೊತ್ತವರು ಎಲ್ಲಿಂದ ಬಂದು ಎಲ್ಲಿ ನಿಲ್ಲುತ್ತಾರೆ? ಟೇಪು ಹಿಡಿದು ಅಳೆಯಿರಿ. ಆಮೇಲೆ ಒಬ್ಬರ ಕೈಗೆ ನಿಜವಾಗಿ ನೀರು ತುಂಬಿದ ಕೊಡ ಕೊಟ್ಟು ನಡೆಸಿ. ಖಾಲಿ ಕೊಡ ಹಿಡಿದು ನಡೆದರೆ ಲೆಕ್ಕ ತಪ್ಪುತ್ತದೆ. ತುಂಬಿದ ಕೊಡ ಸೊಂಟದ ಮೇಲಿದ್ದಾಗ ಎರಡು ಹೆಜ್ಜೆ ಒಂದೇ ಸಮ ಬೀಳುವುದಿಲ್ಲ. ಒಂದು ಬೇಗ, ಇನ್ನೊಂದು ಸ್ವಲ್ಪ ತಡ. ಮೈ ಒಂದು ಕಡೆಗೆ ವಾಲುತ್ತದೆ, ನೀರು ತುಳುಕದಂತೆ ಮತ್ತೆ ಸರಿಹೋಗುತ್ತದೆ.

ಈ ಒಂದು ಬೇಗ, ಒಂದು ತಡ ಅನ್ನುವುದನ್ನು ಏಳೆಣಿಕೆಯ ತಾಳಕ್ಕೆ ಕೂಡಿಸಿದರೆ ಸೊಗಸಾಗಿ ಕೂರುತ್ತದೆ. ಕರ್ನಾಟಕ ಸಂಗೀತದಲ್ಲಿ ಮಿಶ್ರಛಾಪು ಅನ್ನುತ್ತಾರೆ. 3, 2, 2 ಅಂತ ಒಡೆದು ಎಣಿಸುತ್ತಾರೆ. ನಡಿಗೆಗೆ ಅದನ್ನು 3 ಮತ್ತು 4 ಅಂತ ತೆಗೆದುಕೊಳ್ಳಿ. ಒಂದನೇ ಎಣಿಕೆಗೆ ಒಂದು ಕಾಲು, ನಾಲ್ಕನೇ ಎಣಿಕೆಗೆ ಇನ್ನೊಂದು.

ಈಗ ಲೆಕ್ಕ. ಮೆಟ್ರೊನೋಮನ್ನು ನಿಮಿಷಕ್ಕೆ 140ಕ್ಕೆ ಇಡಿ. ಏಳು ಎಣಿಕೆಗೆ ಸರಿಯಾಗಿ 3 ಸೆಕೆಂಡು. ಇದು ಒಂದು ಆವರ್ತ, ಅಂದರೆ ತಾಳ ಒಮ್ಮೆ ಪೂರ್ತಿ ಬರುವುದು. ಒಂದು ಆವರ್ತಕ್ಕೆ ಎರಡು ಹೆಜ್ಜೆ. ಕೊಡ ಹೊತ್ತಾಗ ಒಂದು ಹೆಜ್ಜೆ ಸುಮಾರು 40 ಸೆಂಟಿಮೀಟರ್ ಅಂದುಕೊಳ್ಳಿ. ನಿಮ್ಮ ದಾರಿ ಒಂಬತ್ತೂವರೆ ಮೀಟರ್ ಇದ್ದರೆ 24 ಹೆಜ್ಜೆ, 12 ಆವರ್ತ, 36 ಸೆಕೆಂಡು.

ಏಳು ಜನರೂ ಒಬ್ಬರು ಮುಟ್ಟಿದಮೇಲೆ ಇನ್ನೊಬ್ಬರು ಹೊರಟರೆ ನಾಲ್ಕು ನಿಮಿಷ ದಾಟುತ್ತದೆ. ನೋಡುವವರು ಮೊಬೈಲ್ ತೆಗೆಯುತ್ತಾರೆ. ಹಾಗಾಗಿ ಒಬ್ಬರು ಹೊರಟು ನಾಲ್ಕು ಆವರ್ತ ಆದಕೂಡಲೇ ಇನ್ನೊಬ್ಬರು ಹೊರಡಲಿ. ಆಗ ಒಟ್ಟು 36 ಆವರ್ತ, 108 ಸೆಕೆಂಡು. ಎರಡು ನಿಮಿಷದೊಳಗೆ ಮುಗಿಯಿತು. ಹಾಡನ್ನು ನಾಲ್ಕು ಸಾಲಿಗೆ, ಸಾಲಿಗೊಂದು ಆವರ್ತದಂತೆ ಕಟ್ಟಿದರೆ ಸರಿಯಾಗಿ ಒಂಬತ್ತು ಸುತ್ತು ಬರುತ್ತದೆ, ಹಾಡಿನ ನಾಲ್ಕು ಸಾಲು ಮುಗಿದರೆ ಒಂದು ಸುತ್ತು. ಪ್ರತಿ ಸುತ್ತು ಶುರುವಾದಾಗ ಒಂದು ಹೊಸ ಕೊಡ ಹೊರಡುತ್ತದೆ. ಎಂಟು, ಒಂಬತ್ತನೇ ಸುತ್ತಿನಲ್ಲಿ ಹೊಸಬರು ಯಾರೂ ಇಲ್ಲ, ಹೊರಟವರು ಮುಟ್ಟುತ್ತಾರೆ ಅಷ್ಟೆ. ಯಾರಿಗೂ ಕಣ್ಸನ್ನೆ ಬೇಕಾಗಿಲ್ಲ, ಹಾಡೇ ಹೇಳುತ್ತದೆ.

ನಿಮ್ಮ ರಂಗದ ಅಳತೆ ಬೇರೆ ಇರುತ್ತದೆ. ಲೆಕ್ಕದ ದಾರಿ ಇದೇ.

ಒಂದು ಎಚ್ಚರಿಕೆ. ಏಳಕ್ಕೆ ನಡೆಯುವುದು ಮಕ್ಕಳಿಗೆ ಮೊದಲ ದಿನ ಬರುವುದಿಲ್ಲ. ಎಣಿಸಲು ಹೇಳಬೇಡಿ. "ತಕಿಟ ತಕಧಿಮಿ" ಅಂತ ಬಾಯಲ್ಲಿ ಹೇಳಿಸುತ್ತಾ, ತ ಅನ್ನುವಲ್ಲೆಲ್ಲ ಕಾಲಿಡಲು ಹೇಳಿ. ಮೂರು, ನಾಲ್ಕು ತಾನಾಗಿ ಬರುತ್ತದೆ. ಅದೂ ಆಗದಿದ್ದರೆ ಆದಿತಾಳಕ್ಕೆ, ಅಂದರೆ ಎಂಟೆಣಿಕೆಗೆ ಬದಲಾಯಿಸಿ. ಅದರಲ್ಲಿ ಅವಮಾನವೇನಿಲ್ಲ.

3. ಆ ನಾಡಿನಲ್ಲಿ ಏನು ಸಿಗುತ್ತದೋ ಅದೇ ವಾದ್ಯ

ಕಲ್ಪನೆಯ ರಾಜ್ಯ ಅಂದಕೂಡಲೇ ಕಂಪ್ಯೂಟರಿನಿಂದ ನೂರು ಪಿಟೀಲು ಎಳೆದು ತರುವವರೇ ಜಾಸ್ತಿ. ಅಲ್ಲಿಗೆ ನಿಮ್ಮ ರಾಜ್ಯ ಯಾವುದೋ ಸಿನಿಮಾದ ರಾಜ್ಯ ಆಗಿಬಿಡುತ್ತದೆ. ಗುಡ್ಡದ ಜನಕ್ಕೆ ಏನು ಸಿಗುತ್ತದೆ? ಬಿದಿರು, ಮರ, ಚರ್ಮ, ಕಂಚು, ಕೋಣದ ಕೊಂಬು, ಕಲ್ಲು, ನೀರು. ಬಿ.ವಿ. ಕಾರಂತರು ಕನ್ನಡ ರಂಗಸಂಗೀತದಲ್ಲಿ ದಿನಬಳಕೆಯ ವಸ್ತುಗಳಿಂದಲೂ ನಾದ ತೆಗೆದು ತೋರಿಸಿದ್ದರು. ಹೆಗ್ಗೋಡಿನ ನೀನಾಸಮ್ ನಾಟಕಗಳನ್ನು ನೋಡುತ್ತ ಬಂದವರಿಗೆ ಇದು ಹೊಸದೇನಲ್ಲ.

ನೀರೋಲಗಕ್ಕೆ ಇಷ್ಟು ಸಾಕು: ಎರಡು ಕೊಂಬು, ಒಂದು ಡೊಳ್ಳು, ಒಂದು ಜಾಗಟೆ, ದನಕ್ಕೆ ಕಟ್ಟುವ ಮರದ ಗಂಟೆ ಒಂದೆರಡು, ಹಾಡುವವರ ದನಿ. ಕೊಡ ಹೊತ್ತವರ ಕಾಲಿಗೆ ಗೆಜ್ಜೆ ಕಟ್ಟಿ. ಅದು ಯಾಕೆ ಅಂತ ಮುಂದೆ ಹೇಳುತ್ತೇನೆ.

ಮಳೆಗಾಲದಲ್ಲಿ ಮಾಡುತ್ತಿದ್ದರೆ ಒಂದು ಮಾತು. ನಮ್ಮ ಕಡೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಗಾಳಿಯಲ್ಲೇ ನೀರಿರುತ್ತದೆ. ಚರ್ಮ ಸಡಿಲವಾಗಿ ಡೊಳ್ಳು, ತಮಟೆ ಎರಡೂ "ದಬ್ ದಬ್" ಅನ್ನುತ್ತವೆ, ನಾದ ಏಳುವುದಿಲ್ಲ. ಪ್ರಯೋಗಕ್ಕೆ ಮುಂಚೆ ಬೆಂಕಿಯ ಹತ್ತಿರ ಕಾಯಿಸಲು ಜಾಗ, ಹೊತ್ತು ಎರಡನ್ನೂ ಇಟ್ಟುಕೊಳ್ಳಿ. ಕಾಯಿಸುವುದನ್ನು ನುಡಿಸುವವರಿಗೇ ಬಿಡಿ. ಗೊತ್ತಿಲ್ಲದವರು ಹತ್ತಿರ ಹಿಡಿದರೆ ಚರ್ಮ ಒಡೆಯುತ್ತದೆ.

4. ಮೊದಲು ಕೊಂಬು ಊದಿಸಿ, ಆಮೇಲೆ ಸ್ವರ ಆರಿಸಿ

ಈ ಹಂತದಲ್ಲಿ ಸ್ವಲ್ಪ ನಿಧಾನವಾಗಿ ಹೋಗೋಣ. ತಪ್ಪುಗಳು ಹೆಚ್ಚಾಗಿ ಆಗುವುದು ಇಲ್ಲಿ.

ಕೊಂಬಿಗೆ, ಕಹಳೆಗೆ ಕೊಳಲಿನ ಹಾಗೆ ತೂತುಗಳಿಲ್ಲ. ಬೆರಳಿಟ್ಟು ಸ್ವರ ಬದಲಾಯಿಸುವ ಹಾಗಿಲ್ಲ. ತುಟಿಯ ಬಿಗಿಯಿಂದಲೇ ಸ್ವರ ಏರಬೇಕು. ಹಾಗೆ ಏರಿಸಿದಾಗ ಅದು ತನಗೆ ಬೇಕಾದ ಸ್ವರಗಳನ್ನು ಮಾತ್ರ ಕೊಡುತ್ತದೆ. ಷಡ್ಜ (ಸ), ಅದರ ಮೇಲೆ ಪಂಚಮ (ಪ), ಮೇಲಿನ ಷಡ್ಜ, ಅದರ ಮೇಲೆ ಅಂತರ ಗಾಂಧಾರ (ಗ), ಮತ್ತೆ ಪಂಚಮ, ಸುಮಾರಾಗಿ ಈ ಮೆಟ್ಟಿಲು. ಅದರಾಚೆ ಒಂದು ನಿಷಾದವೂ (ನಿ) ಬರುತ್ತದೆ, ಆದರೆ ಅದು ಹಾರ್ಮೋನಿಯಂನ ನಿಷಾದಕ್ಕಿಂತ ಸ್ವಲ್ಪ ಇಳಿದೇ ಇರುತ್ತದೆ, ಕೂಡುವುದಿಲ್ಲ. ಅದನ್ನು ಬಿಟ್ಟುಬಿಡಿ. ಹೆಚ್ಚಿನ ಊದುವವರಿಗೆ ಮೊದಲ ಎರಡು ಮೂರು ಸ್ವರಗಳಷ್ಟೇ ಗಟ್ಟಿಯಾಗಿ ಬರುತ್ತವೆ. ಅಷ್ಟೇ ಸಾಕು.

ಅಂತರ ಗಾಂಧಾರ ಅಂದರೆ ಗಾಂಧಾರಗಳಲ್ಲಿ ಎಲ್ಲಕ್ಕಿಂತ ಮೇಲಿನದು. ಹಾರ್ಮೋನಿಯಂನಲ್ಲಿ ಬಿಳಿ ಒಂದನ್ನು ಸ ಮಾಡಿಕೊಂಡರೆ ಬಿಳಿ ಮೂರು.

ಈಗ ರಾಗದ ಪ್ರಶ್ನೆಗೆ ಬರೋಣ. ಕೊಂಬಿನ ಜೊತೆ ಬಾಳುವ ರಾಗ ಬೇಕೆಂದರೆ ಅದರಲ್ಲಿ ಅಂತರ ಗಾಂಧಾರ ಇರಬೇಕು. ಮೋಹನದಲ್ಲಿ ಇದೆ (ಸ ರಿ ಗ ಪ ದ, ಹಿಂದೂಸ್ತಾನಿಯವರ ಭೂಪಾಲಿ). ಹಂಸಧ್ವನಿಯಲ್ಲಿ ಇದೆ. ಗಂಭೀರನಾಟದಲ್ಲೂ ಇದೆ. ತಮಿಳುನಾಡಿನ ದೇವಸ್ಥಾನಗಳಲ್ಲಿ ಉತ್ಸವಮೂರ್ತಿ ಹೊರಡುವಾಗ ನಾಗಸ್ವರದಲ್ಲಿ ನುಡಿಸುವ ಮಲ್ಲಾರಿ ಇದೇ ರಾಗದ್ದು. ಮಧ್ಯಮಾವತಿ ಮಂಗಳಕ್ಕೆ ಹೇಳಿ ಮಾಡಿಸಿದ ರಾಗ, ಆದರೆ ಅದರಲ್ಲಿ ಗಾಂಧಾರವೇ ಇಲ್ಲ. ಕೊಂಬಿನವರು ಉತ್ಸಾಹದಲ್ಲಿ ಮೇಲಕ್ಕೆ ಹೋದರೆ ಹೊರಗಿನ ಸ್ವರ ಬಂದು ಬೀಳುತ್ತದೆ. ಆಭೇರಿಯಲ್ಲಂತೂ ಕೆಳಗಿನ ಗಾಂಧಾರ ಇದೆ. ಅದರ ಜೊತೆ ಕೊಂಬಿನ ಗಾಂಧಾರ ಸೇರಿದರೆ ಕಿವಿ ಮುಚ್ಚಿಕೊಳ್ಳಬೇಕು.

ಹಾಗಂತ ಮೋಹನವನ್ನು ಪೂರ್ತಿ ಗಮಕ ಸಮೇತ ಹಾಡಿಸಬೇಡಿ. ಗಮಕ ಅಂದರೆ ಸ್ವರವನ್ನು ಓಲಾಡಿಸುವುದು. ಎರಡು ಸಾಲು ಆಗುವಷ್ಟರಲ್ಲಿ ಕೇಳುಗರಲ್ಲಿ ಯಾರೋ ತಾವು ಬಲ್ಲ ಕೀರ್ತನೆ ಗುನುಗಲು ಶುರುಮಾಡುತ್ತಾರೆ. ನಿಮ್ಮ ಸೀಮೆ ಅಲ್ಲಿಗೆ ಮಾಯ. ನನ್ನ ಸಲಹೆ ಇಷ್ಟು: ನಾಲ್ಕೇ ಸ್ವರ ಇಟ್ಟುಕೊಳ್ಳಿ. ಸ ರಿ ಗ ಪ. ಧೈವತವನ್ನು (ದ) ಬಚ್ಚಿಡಿ. ರಾಣಿ ಕೊನೆಯ ಬೊಗಸೆಯಿಂದ ಮುಖ ಎತ್ತುವವರೆಗೆ ಅದನ್ನು ಯಾರೂ ಮುಟ್ಟಬಾರದು. ಎರಡು ನಿಮಿಷ ಕೇಳದ ಸ್ವರ ಆಗ ಬಂದರೆ, ಸಂಗೀತ ಗೊತ್ತಿಲ್ಲದವರೂ ತಲೆ ಎತ್ತಿ ನೋಡುತ್ತಾರೆ.

ಶ್ರುತಿಯ ವಿಷಯ. ಹಾರ್ಮೋನಿಯಂಗೆ ತಕ್ಕಂತೆ ಕೊಂಬನ್ನು ಬದಲಾಯಿಸಲು ಆಗುವುದಿಲ್ಲ. ಆದ್ದರಿಂದ ಮೊದಲು ಕೊಂಬು ಊದಿಸಿ. ಅದರ ಷಡ್ಜ ಹಾರ್ಮೋನಿಯಂನ ಯಾವ ಮನೆಗೆ ಬೀಳುತ್ತದೆ ನೋಡಿ. ಭಾಗವತರು "ಕಪ್ಪು ಎರಡು, ಬಿಳಿ ನಾಲ್ಕು" ಅನ್ನುತ್ತಾರಲ್ಲ, ಹಾಗೆ ಗುರುತು ಬರೆದುಕೊಳ್ಳಿ. ಹಾಡುವವರು ಅದೇ ಶ್ರುತಿಗೆ ಬರಬೇಕು. ಹಾಡು ಸ ದಿಂದ ದ ದೊಳಗೇ ಇರುವುದರಿಂದ ಯಾರಿಗೂ ಕಷ್ಟವಾಗುವುದಿಲ್ಲ. ಎರಡು ಕೊಂಬುಗಳ ಶ್ರುತಿ ಬೇರೆಬೇರೆ ಇದ್ದರೆ ಒಟ್ಟಿಗೆ ಊದಿಸಬೇಡಿ, ಒಂದಾದಮೇಲೆ ಒಂದು ಊದಿಸಿ. ಒಂದು ಗುಡ್ಡ ಕರೆದದ್ದಕ್ಕೆ ಇನ್ನೊಂದು ಗುಡ್ಡ ಓಗೊಟ್ಟ ಹಾಗೆ ಕೇಳುತ್ತದೆ.

5. ಮಾತನ್ನು ತಾಳಕ್ಕೆ ಕೂರಿಸಿ

ಹೊಸ ಭಾಷೆಯೊಂದನ್ನು ಹುಟ್ಟಿಸಬೇಕೆಂಬ ಆಸೆ ಎಲ್ಲರಿಗೂ ಇರುತ್ತದೆ. ಬೇಡ ಅನ್ನುವುದಿಲ್ಲ. ಆದರೆ ಸಂಸ್ಕೃತದ ಮಂತ್ರವನ್ನೇ ಅಕ್ಷರ ತಿರುಚಿ ಹಾಡಿಸುವುದು ನನಗೆ ಒಂದು ಚೂರೂ ಹಿಡಿಸುವುದಿಲ್ಲ. ಮಂತ್ರ ಬಲ್ಲವರಿಗೆ ಇರಿಸುಮುರಿಸು, ಬಾರದವರಿಗೆ ಸುಮ್ನೆ ಗದ್ದಲ. ಸರಳ ಕನ್ನಡದಲ್ಲೇ ಬರೆಯಿರಿ. ನಮ್ಮ ಸೋಬಾನೆ ಪದಗಳಲ್ಲಿ ಎಷ್ಟು ಸಣ್ಣ ಮಾತಿಗೆ ಎಷ್ಟು ಘನತೆ ಬರುತ್ತದೆ ನೋಡಿದ್ದೀರಲ್ಲ.

ಮಾತ್ರೆಯ ಲೆಕ್ಕ ಶಾಲೆಯಲ್ಲಿ ಕಲಿತದ್ದೇ. ಲಘು ಒಂದು ಮಾತ್ರೆ, ಗುರು ಎರಡು. ಒಂದು ಮಾತ್ರೆಗೆ ಒಂದು ಎಣಿಕೆ ಕೊಡಿ. ನೀರೋಲಗದ ಸಾಲುಗಳು ಹೀಗೆ:

ನೀರು | ಬಂ | ತೋ
ಬೊಗಸೆ | ಒಡ್ | ಡೇ
ಏಳು | ಹಳ್ | ಳದ
ತಾಯೆ | ಬಾ | –

ಪ್ರತಿ ಸಾಲಿನಲ್ಲೂ 3, 2, 2. ಕೊನೆಯ ಸಾಲಿನ ಕೊನೆಯ ಎರಡು ಎಣಿಕೆ ಬೇಕೆಂದೇ ಖಾಲಿ ಬಿಟ್ಟಿದ್ದು. ಹಾಡುವವರು ಉಸಿರು ತೆಗೆದುಕೊಳ್ಳಲಿ, ಆ ಸಂದಿನಲ್ಲಿ ಕೊಂಬು ಒಂದು ಪ ಊದಲಿ.

ಸ್ವರ ಹೀಗೆ. ಅಲ್ಪವಿರಾಮ ಅಂದರೆ ಹಿಂದಿನ ಸ್ವರವನ್ನೇ ಇನ್ನೊಂದು ಎಣಿಕೆ ಹಿಡಿಯುವುದು, ಅಡ್ಡಗೆರೆ ಅಂದರೆ ಮೌನ:

ಸ , ಸ | ಪ , | ಗ ,
ರಿ ಗ ರಿ | ಗ , | ಸ ,
ಸ , ರಿ | ಪ , | ಗ ಪ
ಗ , ರಿ | ಸ , | – –

ಹಾರ್ಮೋನಿಯಂ ಮೇಲೆ ಒಮ್ಮೆ ನುಡಿಸಿ ನೋಡಿ. ಒಂದನೇ ಸಾಲಿನಲ್ಲಿ ಸ ದಿಂದ ನೇರ ಪ ಕ್ಕೆ ಹಾರುತ್ತದಲ್ಲ, ಅದು ಕೊಂಬಿನ ನಡೆ. ಕಂಠ ಕೊಂಬನ್ನು ಅನುಕರಿಸುತ್ತಿದೆ. ಎರಡನೇ ಸಾಲು ಮಾತಿನ ಹಾಗೆ ಸಣ್ಣಸಣ್ಣ ಹೆಜ್ಜೆ ಇಡುತ್ತದೆ. ಅದು ಜನರ ದನಿ. ಮೊದಲೆರಡು ಸಾಲನ್ನು ಒಬ್ಬರು ಹೇಳಿ, ಮುಂದಿನ ಎರಡನ್ನು ಎಲ್ಲರೂ ಸೇರಿ ಹೇಳಿದರೆ ಮೇಳ ತುಂಬುತ್ತದೆ.

ಹಾಡು ಬಹಳ ಚಿಕ್ಕದಾಯಿತು, ಇನ್ನೆರಡು ಚರಣ ಬರೆಯೋಣ ಅಂತ ಅನ್ನಿಸುತ್ತದೆ. ಬರೆಯಬೇಡಿ. ಅದೇ ಹನ್ನೆರಡು ಸೆಕೆಂಡಿನ ಹಾಡು ಮತ್ತೆಮತ್ತೆ ಬಂದಾಗಲೇ ಅದು ಆ ಊರಿನ ಹಳೆಯ ಹಾಡಿನಂತೆ ಕೇಳುವುದು. ಬದಲಾವಣೆಯನ್ನು ವಾದ್ಯದಿಂದ ತನ್ನಿ. ಮೊದಲ ಸುತ್ತಿಗೆ ಮರದ ಗಂಟೆ ಮಾತ್ರ, ಎರಡರಿಂದ ಡೊಳ್ಳು, ನಾಲ್ಕರಿಂದ ಕೊಂಬು.

6. ಡೊಳ್ಳು, ಮತ್ತು ಏಳನೇ ಸುತ್ತು

ಡೊಳ್ಳಿಗೆ ಒಂದು ಕಡೆ ಕೋಲು, ಇನ್ನೊಂದು ಕಡೆ ಕೈ. ಒಂದನೇ ಎಣಿಕೆಗೆ ಕೋಲಿನ ಗಟ್ಟಿ ಪೆಟ್ಟು, ನಾಲ್ಕನೆಯದಕ್ಕೆ ಕೈಯ ಮೆತ್ತನೆ ಪೆಟ್ಟು. ಅಷ್ಟೇ. ಡೊಳ್ಳಿನವರಿಗೆ ಇದು ಬಹಳ ಕಡಿಮೆ ಅನ್ನಿಸುತ್ತದೆ, ಕೈ ಸುಮ್ಮನಿರುವುದಿಲ್ಲ. ಅವರಿಗೆ ಕೊನೆಯಲ್ಲಿ, ರಾಣಿ ಎದ್ದು ನಿಂತಮೇಲೆ, ಪೂರ್ತಿ ಬಿಟ್ಟುಕೊಡಿ. ಅಲ್ಲಿವರೆಗೆ ಹೆಜ್ಜೆಯಷ್ಟೇ.

ಏಳನೇ ಸುತ್ತು ಶುರುವಾದಾಗ ಖಾಲಿ ಕೊಡ ಹೊರಡುತ್ತದೆ. ಆ ಸುತ್ತು ಪೂರ್ತಿ ಯಾರೂ ಹಾಡಬಾರದು, ಯಾರೂ ಬಾರಿಸಬಾರದು. ನಾಲ್ಕು ಆವರ್ತ, 12 ಸೆಕೆಂಡು. ರಂಗದ ಮೇಲೆ ಆಗ ಐದನೆಯವಳು, ಆರನೆಯವಳು, ಏಳನೆಯವಳು ನಡೆಯುತ್ತಿರುತ್ತಾರೆ. ಕೇಳುವುದು ಅವರ ಗೆಜ್ಜೆ ಮಾತ್ರ. ಗೆಜ್ಜೆ ಕಟ್ಟಿಸಿದ್ದು ಇದಕ್ಕೇ. ಹಾಡುವವರು, ನುಡಿಸುವವರು ಆ ಗೆಜ್ಜೆಯನ್ನೇ ಹಿಡಿದು ಎಣಿಸಿ ಎಂಟನೇ ಸುತ್ತಿಗೆ ಸರಿಯಾಗಿ ಎತ್ತಿಕೊಳ್ಳಬೇಕು.

ಇಡೀ ನೀರೋಲಗದಲ್ಲಿ ಕಷ್ಟದ ಜಾಗ ಇದೊಂದೇ. ಮೌನ ಬಂದಾಗ ಎಲ್ಲರೂ ಓಡುತ್ತಾರೆ. 12 ಸೆಕೆಂಡು ಹತ್ತೋ ಒಂಬತ್ತೋ ಆಗಿಬಿಡುತ್ತದೆ. ಅಭ್ಯಾಸದಲ್ಲಿ ಮೆಟ್ರೊನೋಮನ್ನು ಒಬ್ಬರ ಕಿವಿಗೆ ಮಾತ್ರ ಇಯರ್‌ಫೋನಿನಲ್ಲಿ ಕೊಟ್ಟು, ಉಳಿದವರು ಎತ್ತಿಕೊಂಡದ್ದು ಸರಿ ಬಂತೇ ಅಂತ ಅವರಿಂದ ಕೇಳಿ. ಸರಿ ಬರುವವರೆಗೆ ಬರೀ ಆರರಿಂದ ಎಂಟನೇ ಸುತ್ತನ್ನೇ ಮಾಡಿಸಿ. ಮೌನದ ಸಮಯದಲ್ಲಿ ಚಪ್ಪಾಳೆ ಬೀಳುತ್ತದೆ, ಯಾರೋ ಮುಗಿಯಿತೆಂದುಕೊಳ್ಳುತ್ತಾರೆ ಅನ್ನುವ ಭಯವಿದ್ದರೆ, ಹಾಡುವವರು ತಲೆ ತಗ್ಗಿಸಿ ನಿಲ್ಲಲಿ. ಜನಕ್ಕೆ ಗೊತ್ತಾಗುತ್ತದೆ.

7. ಕಾಯುವ ಸುತ್ತು ಮತ್ತು ಜಾಗಟೆ

ಲೆಕ್ಕ ಎಷ್ಟೇ ಸರಿಯಿದ್ದರೂ ಪ್ರಯೋಗದ ದಿನ ಏನೋ ಒಂದು ತಡವಾಗುತ್ತದೆ. ಸೀರೆ ಕಾಲಿಗೆ ಸಿಗುತ್ತದೆ. ರಾಣಿಯ ಪಾತ್ರದ ಹುಡುಗಿಗೆ ಬೊಗಸೆ ನೀರು ಕುಡಿಯಲು ನಾವು ಅಂದುಕೊಂಡದ್ದಕ್ಕಿಂತ ಹೊತ್ತು ಬೇಕಾಗುತ್ತದೆ. ಹಾಗಾಗಿ ಹಾಡಿನಲ್ಲಿ ಹಿಗ್ಗುವ ಜಾಗ ಒಂದು ಇರಲೇಬೇಕು.

ಒಂಬತ್ತನೇ ಸುತ್ತು ಮುಗಿದಮೇಲೆ "ತಾಯೆ ಬಾ" ಅನ್ನುವ ಕೊನೆಯ ಸಾಲನ್ನಷ್ಟೇ ಮೆತ್ತಗೆ ಹಾಡುತ್ತಾ ಇರಿ. ಎಷ್ಟು ಸಲ ಅಂತ ಲೆಕ್ಕ ಇಲ್ಲ. ರಾಣಿ ಒಂದೊಂದೇ ಕೊಡಕ್ಕೆ ಬೊಗಸೆ ಒಡ್ಡಲಿ, ಕುಡಿಯಲಿ. ಏಳನೆಯ ಖಾಲಿ ಬೊಗಸೆಯಿಂದ ಅವಳು ಮುಖ ಎತ್ತಿದ್ದನ್ನು ಜಾಗಟೆಯವರು ನೋಡಿ, ಮುಂದಿನ ಸಾಲಿನ ಒಂದನೇ ಎಣಿಕೆಗೆ ಒಂದು ಪೆಟ್ಟು ಕೊಡುತ್ತಾರೆ. ಆ ಸಾಲು ಮುಗಿಸಿ ಎಲ್ಲರೂ ಇಲ್ಲಿಗೆ ಬರಬೇಕು:

ಸ , ಸ | ದ , | ಪ ,

ಧೈವತ ಬಂತು. ಮಾತು ಅದೇ "ನೀರು ಬಂತೋ". ಇದನ್ನು ನಾಲ್ಕು ಸಲ ಹೇಳಿ, ಕೊಂಬು ಎರಡೂ ಊದಿ, ಡೊಳ್ಳಿಗೆ ಬಿಟ್ಟುಕೊಡಿ.

ಸನ್ನೆ ಕೊಡುವವರು ಒಬ್ಬರೇ ಇರಲಿ. ನಿರ್ದೇಶಕರು ಪಕ್ಕದಿಂದ ಕೈ ಬೀಸುವುದು, ಹಾರ್ಮೋನಿಯಂನವರು ತಲೆ ಅಲ್ಲಾಡಿಸುವುದು ಎರಡೂ ಬೇಡ. ಜಾಗಟೆಯವರ ಜಾಗ ರಾಣಿಯ ಮುಖ ಕಾಣುವ ಕಡೆಗೇ ಇರಬೇಕು. ಇದೊಂದು ಸಣ್ಣ ವಿಷಯ ಅಂತ ಬಿಟ್ಟವರು ಆಮೇಲೆ ಒದ್ದಾಡುತ್ತಾರೆ.

8. ಬಯಲಿನಲ್ಲಿ ಮಾಡುವುದಾದರೆ

ಸದ್ದು ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ. ಮೆರವಣಿಗೆಯ ತುದಿಯಿಂದ ಬುಡಕ್ಕೆ 34 ಮೀಟರ್ ಇದ್ದರೆ ಹಿಂದಿನವರಿಗೆ ಡೊಳ್ಳು ಸೆಕೆಂಡಿನ ಹತ್ತನೇ ಒಂದು ಭಾಗ ತಡವಾಗಿ ಕೇಳುತ್ತದೆ. ನಿಮಿಷಕ್ಕೆ 140ರ ನಮ್ಮ ವೇಗದಲ್ಲಿ ಅದು ಹೆಚ್ಚುಕಡಿಮೆ ಕಾಲು ಎಣಿಕೆ. ಹಿಂದೆ ಇನ್ನೊಂದು ಡೊಳ್ಳು ಇಟ್ಟರೆ ಎರಡೂ ಒಂದನ್ನೊಂದು ಎಳೆದಾಡುತ್ತವೆ. ಚರ್ಮವಾದ್ಯಗಳೆಲ್ಲ ಮಧ್ಯದಲ್ಲಿ ಒಂದೇ ಕಡೆ ಇರಲಿ.

ಎದುರಿಗೆ ಗುಡ್ಡವೋ ಕೋಟೆಗೋಡೆಯೋ ಇದ್ದರೆ ಮಾರ್ದನಿ ಬರುತ್ತದೆ. ಅದನ್ನು ಬಳಸಿಕೊಳ್ಳಬಹುದು. ಗುಡ್ಡ ಸುಮಾರು 510 ಮೀಟರ್ ದೂರ ಇದ್ದರೆ ಸದ್ದು ಹೋಗಿ ಬರಲು 3 ಸೆಕೆಂಡು, ಅಂದರೆ ಸರಿಯಾಗಿ ಒಂದು ಆವರ್ತ. ಕೊಂಬು ಊದಿದ್ದು ಮುಂದಿನ ಸಾಲಿನ ಅದೇ ಜಾಗಕ್ಕೆ ಬಂದು ಬೀಳುತ್ತದೆ. ಅಷ್ಟು ಸರಿಯಾಗಿ ಗುಡ್ಡ ಸಿಗುವುದು ಅದೃಷ್ಟ. ಆದರೆ ಕೊಂಬಿನವರನ್ನು ಹಿಂದೆ ಮುಂದೆ ನಿಲ್ಲಿಸಿ, ತಾಳದ ವೇಗವನ್ನು ಸ್ವಲ್ಪ ಏರಿಸಿ ಇಳಿಸಿ ನೋಡಬಹುದು.

ರಾತ್ರಿ ಹತ್ತರ ನಂತರ ಬೆಳಿಗ್ಗೆ ಆರರವರೆಗೆ ಬಯಲಿನಲ್ಲಿ ಧ್ವನಿವರ್ಧಕ ಹಾಕುವಂತಿಲ್ಲ, 2000ನೇ ಇಸವಿಯ ಶಬ್ದಮಾಲಿನ್ಯ ನಿಯಮ ಇದೆ. ಬೇರೆ ಹೊತ್ತಿಗೂ ಅನುಮತಿ ಪಡೆಯಿರಿ.

9. ಧ್ವನಿಮುದ್ರಣ

ಆಡಿಯೊ ಕತೆಯವರಿಗೆ, ಗೇಮ್ ಮಾಡುವವರಿಗೆ ಇದು. ತಗಡಿನ ಮಾಡಿನ ಕೆಳಗೆ ಮಳೆಗಾಲದಲ್ಲಿ ಕೂರಬೇಡಿ. ಸಂಜೆ ಜೀರುಂಡೆ ಶುರುವಾದಮೇಲೂ ಬೇಡ. ಅದರ ದನಿಯನ್ನು ಆಮೇಲೆ ತೆಗೆಯುವುದು ದೊಡ್ಡ ಕಷ್ಟ. ಹಾಡುವವರು ಮೈಕಿನ ಹತ್ತಿರ, ಡೊಳ್ಳು ದೂರ, ಸಾಧ್ಯವಾದರೆ ಬಾಗಿಲಾಚೆ. ಸದ್ದಿನ ಮಟ್ಟ ತೋರಿಸುವ ಮೀಟರ್ ಕೆಂಪು ಮುಟ್ಟಬಾರದು. ಡೊಳ್ಳಿನ ಅತಿ ಜೋರು ಪೆಟ್ಟು ಹೊಡೆಸಿ ಮಟ್ಟ ಇಟ್ಟುಕೊಳ್ಳಿ, ಮೆತ್ತನೆ ಪೆಟ್ಟಿನಿಂದ ಇಟ್ಟರೆ ಮುಂದೆ ಸದ್ದು ಒಡೆಯುತ್ತದೆ. ಏನೂ ನುಡಿಸದೆ ಆ ಜಾಗದ ಸದ್ದನ್ನು ಅರ್ಧ ನಿಮಿಷ ಬೇರೆಯಾಗಿ ಹಿಡಿದಿಡಿ. ಏಳನೇ ಸುತ್ತಿನ ಮೌನಕ್ಕೆ ಅದೇ ಬೇಕು. ಪೂರ್ತಿ ಸೊನ್ನೆ ಸದ್ದು ಹಾಕಿದರೆ ಕೇಳುವವರು ಫೋನ್ ಕೈಕೊಟ್ಟಿತು ಅಂದುಕೊಳ್ಳುತ್ತಾರೆ. ಕತ್ತರಿಸಿ ಜೋಡಿಸಲು ಅಡಾಸಿಟಿ ಅನ್ನುವ ಉಚಿತ ತಂತ್ರಾಂಶ ಸಾಕು.

ಯಾವುದೋ ವಿಡಿಯೊದಿಂದ ಡೊಳ್ಳಿನ ತುಂಡು ಕತ್ತರಿಸಿ ಹಾಕಿಕೊಳ್ಳುವವರಿಗೆ: ಬಡಿತ ಜನಪದದ್ದಿರಬಹುದು, ಆ ಧ್ವನಿಮುದ್ರಣದ ಹಕ್ಕು ಯಾರದ್ದೋ ಇರುತ್ತದೆ.

ಪದೇಪದೇ ಕೇಳುವ ಇನ್ನೆರಡು

ಕೊಂಬು ಸಿಗಲಿಲ್ಲ, ಏನು ಮಾಡಲಿ? ಶಂಖ ಊದಿಸಿ. ಒಂದೇ ಸ್ವರ ಗಟ್ಟಿಯಾಗಿ ಬರುತ್ತದೆ, ಅದನ್ನೇ ಸ ಮಾಡಿಕೊಂಡು ಹಾಡುವವರ ಶ್ರುತಿ ಇಡಿ. ಪಿವಿಸಿ ಪೈಪಿಗೆ ಒಂದು ಕೊಳವೆ ಸಿಕ್ಕಿಸಿ ತುಟಿ ಬಿಗಿದು ಊದಿದರೂ ಕೆಲಸಕ್ಕೆ ಬರುತ್ತದೆ. ಪೈಪು ಉದ್ದವಾದಷ್ಟೂ ಶ್ರುತಿ ಇಳಿಯುತ್ತದೆ. ಸ್ವಲ್ಪಸ್ವಲ್ಪವೇ ಕತ್ತರಿಸುತ್ತಾ ಹಾರ್ಮೋನಿಯಂಗೆ ಕೂಡಿಸಿ. ಜಾಸ್ತಿ ಕತ್ತರಿಸಿದರೆ ಮತ್ತೆ ಉದ್ದ ಮಾಡಲು ಆಗುವುದಿಲ್ಲ, ಜೋಪಾನ.

ಎಲ್ಲವನ್ನೂ ಕಂಪ್ಯೂಟರಿನಲ್ಲೇ ಮಾಡಬಹುದೇ? ಮಾಡಬಹುದು. ಆಗಲೂ ಕೊಂಬಿಗೆ ಕೊಂಬಿನ ಸ್ವರಗಳನ್ನೇ ಕೊಡಿ, ಎಲ್ಲ ಸ್ವರ ಸಿಗುತ್ತದೆ ಅಂತ ಕೊಳಲಿನ ಹಾಗೆ ಓಡಿಸಬೇಡಿ. ಊದುವವರಿಗೆ ಉಸಿರು ಬೇಕು ಅನ್ನುವುದನ್ನು ನೆನಪಿಟ್ಟು ಅಲ್ಲಲ್ಲಿ ಬಿಡುವು ಕೊಡಿ. ಡೊಳ್ಳಿನ ಪೆಟ್ಟುಗಳೆಲ್ಲ ಒಂದೇ ಜೋರಿನಲ್ಲಿ ಬೇಡ. ಗೆಜ್ಜೆಯನ್ನು ಮಾತ್ರ ಕಂಪ್ಯೂಟರಿನಿಂದ ತರಬೇಡಿ. ಯಾರಾದರೂ ನಿಜವಾಗಿ ತುಂಬಿದ ಕೊಡ ಹೊತ್ತು, ಗೆಜ್ಜೆ ಕಟ್ಟಿ 24 ಹೆಜ್ಜೆ ನಡೆಯಲಿ, ಅದನ್ನೇ ರೆಕಾರ್ಡ್ ಮಾಡಿ. ಆಮೇಲೆ ಖಾಲಿ ಕೊಡ ಹೊತ್ತು ಇನ್ನೊಂದು ಸಲ ನಡೆಸಿ. ಏಳನೆಯವಳಿಗೆ ಬೇಕಾದದ್ದು ಆ ಎರಡನೆಯದು.